ಏರಿನಲ್ಲಿ ಇಳಿದವನು

ನಮ್ಮಕ್ಕನನ್ನು ಆರು ನಾಯಿಗಳು ಎಳೆದುಕೊಂಡು ಹೋದವು. ನಾನು ನೋಡುತ್ತಾ ನಿಂತಿದ್ದೆ.

ಗಾಬರಿಯಾಗಬೇಡಿ. ಎಳೆದುಕೊಂಡು ಹೋಗುವುದೇ ಆ ನಾಯಿಗಳ ಕೆಲಸ. ಅಕ್ಕ ಕೂತಿದ್ದು ಹಿಮದ ಮೇಲೆ ಜಾರುವ ಬಂಡಿಯಲ್ಲಿ. ಬಂಡಿ ಹೊಡೆಯಬೇಕಾಗಿದ್ದವನು ನಾನು. ಆದರೆ ನಾನು ಬಂಡಿಯ ಮೇಲಿರಲಿಲ್ಲ. ಸಮಸ್ಯೆ ಅದು.

ಬ್ಲಾಗಿನಲ್ಲಿ ಹಿಮದ ನಡುವೆ ನಿಂತ ಫೋಟೋ ಹಾಕಿದಾಗಿನಿಂದ ನಿಮ್ಮ ಪ್ರಶ್ನೆಗಳು ಒಂದೇ ಸಮ. ಹಿಂದಿರುವುದು ಸ್ಟುಡಿಯೋ ಪರದೆಯಾ ಅಂತ ಒಬ್ಬರು. ತಮಿಳುನಾಡಿನ ಗಡಿಯ ತಾಳವಾಡಿ ಬೆಟ್ಟದಲ್ಲಿ ಬೀಜ ಗೊಬ್ಬರ ಮಾರುವವನಿಗೆ ಫಿನ್‌ಲ್ಯಾಂಡಿನಲ್ಲಿ ಏನು ಕೆಲಸ ಅಂತ ಇನ್ನೊಬ್ಬರು. ಎರಡನೆಯದು ನ್ಯಾಯವಾದ ಪ್ರಶ್ನೆ. ಉತ್ತರ: ಏನೂ ಕೆಲಸ ಇರಲಿಲ್ಲ. ಅವರು ಕರೆದಿದ್ದು ಅಕ್ಕನನ್ನು. ನಾನು ಲಗೇಜು. (ಇಂಗ್ಲಿಷ್ ಬರುವ ಲಗೇಜು.)

ಮೂರು ವರ್ಷದ ಹಿಂದೆ ಹೆಲೀನಾ ಅನ್ನುವ ಹುಡುಗಿ ಆ ದೇಶದಿಂದ ನಮ್ಮ ಬೆಟ್ಟಕ್ಕೆ ಬಂದಿದ್ದಳು. ಸಗಣಿ ಹುಳುಗಳ ಮೇಲೆ ಅವಳ ಸಂಶೋಧನೆ. ಜೀರಹಳ್ಳಿ ಕಡೆಯ ಕಾಡಂಚಿನಲ್ಲಿ ಆನೆ ಲದ್ದಿ ಕೆದಕುವುದು, ಹುಳು ಎಣಿಸುವುದು, ಬರೆದುಕೊಳ್ಳುವುದು. ಗುಮಟಾಪುರದಲ್ಲಿ ದೀಪಾವಳಿ ಮುಗಿದ ಮೇಲೆ ಸಗಣಿ ಎರಚಾಡುವುದನ್ನು ನೋಡಿ ಅವಳಿಗಾದ ಸಂತೋಷವನ್ನು ನಾನು ಮದುವೆ ಹೆಣ್ಣುಗಳ ಮುಖದಲ್ಲೂ ಕಂಡಿಲ್ಲ.

ಅವಳಿಗೆ ಇರಲು ಜಾಗ ಕೊಟ್ಟವಳು ದೊಡ್ಡಗಾಜನೂರಿನ ನಮ್ಮಕ್ಕ. ಏಳು ತಿಂಗಳು. ಮುದ್ದೆ ನುಂಗುವುದನ್ನು ಕಲಿಸಿದಳು, ಜ್ವರ ಬಂದಾಗ ಪಕ್ಕ ಬಿಟ್ಟು ಏಳಲಿಲ್ಲ, ತಲೆಗೆ ಹರಳೆಣ್ಣೆ ತಿಕ್ಕಿ ಎರೆದಳು. ಕನ್ನಡವನ್ನೂ ಕಲಿಸಿದಳು. ಯಾವ ಕನ್ನಡ? ಅಕ್ಕನ ಕನ್ನಡ, 'ಹ' ಇಲ್ಲದ್ದು. ಹಾಗಾಗಿ ಹೆಲೀನಾ ಈಗಲೂ ತನ್ನ ಹೆಸರನ್ನು ಎಲೀನ ಅಂತಲೇ ಹೇಳುತ್ತಾಳೆ.

ಈ ಚಳಿಗಾಲ ಅವಳು ಎರಡು ಟಿಕೆಟ್ ಕಳಿಸಿದಳು. ಒಂದು ಅಕ್ಕನಿಗೆ. ಇನ್ನೊಂದು, ಏರ್‌ಪೋರ್ಟುಗಳಲ್ಲಿ ಅಕ್ಕನ ಪರವಾಗಿ ಬಾಯಿ ಬಿಡಬಲ್ಲ ಯಾರಿಗಾದರೂ. ಭಾವನನ್ನು ಕೇಳಿದರೆ, ಹಸು ಕರು ಹಾಕುವ ಹೊತ್ತಿನಲ್ಲಿ ಯಾವನು ಹೋಗುತ್ತಾನೆ ಅಂದರು. ಆ 'ಯಾರಾದರೂ' ನಾನಾದೆ.

ಹೋಗಿ ಇಳಿದೆವು. ಎಲ್ಲಿ ನೋಡಿದರೂ ಬಿಳಿ. ಉಸಿರು ಬಿಟ್ಟರೆ ಮೀಸೆಯ ಮೇಲೆ ಹೆಪ್ಪುಗಟ್ಟುತ್ತಿತ್ತು. ಸೀರೆಯ ಮೇಲೆ ಎರಡು ಸ್ವೆಟರ್, ಅದರ ಮೇಲೆ ಹೆಲೀನಾಳ ಅಪ್ಪನ ಕೋಟು ಹಾಕಿಕೊಂಡು ನಿಂತ ಅಕ್ಕ ಒಂದು ನಿಮಿಷ ಸುತ್ತ ನೋಡಿದಳು.

"ಇದೇನ್ಲಾ, ಊರ್ಗೆಲ್ಲ ಸುಣ್ಣ ಬಳ್ದು ಜನ ಎಲ್ಲಿಗೋ ಒಂಟೋಗ್ಬುಟ್ಟವ್ರೆ."

ಮೂರನೆಯ ದಿನ ನಾಯಿ ಬಂಡಿ. ನಮ್ಮ ಗೈಡು ಯುಕ್ಕ, ಹೆಲೀನಾಳ ಚಿಕ್ಕಪ್ಪ. ಅರವತ್ತರ ಆಸುಪಾಸು, ಗಡ್ಡ, ಮಾತು ಕಡಿಮೆ. ಕಾಡಿನ ನಡುವೆ ನಲವತ್ತು ನಾಯಿ ಸಾಕಿಕೊಂಡಿದ್ದಾನೆ. ಬಂದವರನ್ನು ಹಿಮದ ಕಾಡಿನೊಳಗೆ ಸುತ್ತಾಡಿಸಿ ತರುವುದು ಅವನ ಕಸುಬು. ಮುಂದಿನ ಬಂಡಿ ಅವನದು, ಅದರಲ್ಲಿ ಹೆಲೀನಾ. ಹಿಂದಿನ ಬಂಡಿ ನಮ್ಮದು. ಅಕ್ಕ ಮುಂದೆ, ಹಿಮಸಾರಂಗದ ಚರ್ಮದ ಮೇಲೆ ಕಾಲು ಚಾಚಿ ಕಂಬಳಿ ಹೊದ್ದು ಕೂತಳು. ನಾನು ಅವಳ ಬೆನ್ನ ಹಿಂದೆ, ಬಂಡಿಯ ಎರಡು ಪಟ್ಟಿಗಳ ಮೇಲೆ ಕಾಲಿಟ್ಟು, ಅಡ್ಡ ಹಿಡಿಕೆ ಹಿಡಿದು ನಿಂತೆ. ಕಾಲಡಿಯಲ್ಲಿ ತುಳಿಯುವ ಬ್ರೇಕು. ಕೈಯಲ್ಲಿ ಹಿಡಿಯಲು ಹಗ್ಗ ಇಲ್ಲ, ಚಾಟಿ ಇಲ್ಲ.

ಯುಕ್ಕ ಹೇಳಿದ ನಿಯಮಗಳು ಎರಡೇ. ಇಳಿಜಾರಿನಲ್ಲಿ ಬ್ರೇಕ್ ತುಳಿ. ಹಿಡಿಕೆ ಮಾತ್ರ ಯಾವ ಕಾರಣಕ್ಕೂ ಬಿಡಬೇಡ. ಇಂಗ್ಲಿಷಿನಲ್ಲಿ ಹೇಳಿದ. ಇವನಿಗೆ ಅರ್ಥವಾಯಿತೋ ಇಲ್ಲವೋ ಅಂತ ಹೆಲೀನಾ ಮತ್ತೆ ಹೇಳಿದಳು, "ಬಿದ್ರೂ ಕೈ ಬುಡ್ಬೇಡ ಕಣಣ್ಣ."

ನೋಡಿ, ಭಾಷೆ ತಿಳಿಯಲಿಲ್ಲ ಅಂತ ತಪ್ಪಿಸಿಕೊಳ್ಳಲೂ ದಾರಿಯಿಲ್ಲ.

ಹೊರಡುವ ಮುಂಚೆ ಆ ನಾಯಿಗಳ ಗಲಾಟೆ ಕೇಳಬೇಕು. ಬಂಡಿಯನ್ನು ಕಂಬಕ್ಕೆ ಕಟ್ಟಿರುತ್ತಾರೆ, ಅವು ನೆಗೆಯುತ್ತವೆ, ಊಳಿಡುತ್ತವೆ, ಒಂದರ ಮೇಲೊಂದು ಬೀಳುತ್ತವೆ. ಕಟ್ಟು ಬಿಚ್ಚಿದರೋ, ಗಪ್‌ಚಿಪ್. ಆಮೇಲೆ ಬರೀ ಓಟ. ಹಿಮದ ಮೇಲೆ ಪಟ್ಟಿ ಜಾರುವ ಸರ ಸರ ಸದ್ದು ಬಿಟ್ಟರೆ ಏನಿಲ್ಲ. ಬಾಯಾರಿದರೆ ಓಡುತ್ತಲೇ ಪಕ್ಕದ ಹಿಮಕ್ಕೆ ಬಾಯಿ ಹಾಕಿ ಒಂದು ತುತ್ತು ಕಚ್ಚಿಕೊಳ್ಳುತ್ತವೆ. ಮಿಕ್ಕ ಕಾರ್ಯಕ್ರಮಗಳೂ ಓಡುತ್ತಲೇ. (ಹಿಂದೆ ನಿಂತವನ ಮೂಗಿಗೆ ಅದರ ವರದಿ ಬರುತ್ತದೆ.)

ಸುಳ್ಳೇಕೆ ಹೇಳಲಿ, ಆ ಮೊದಲ ಒಂದು ಗಂಟೆ ನನ್ನ ಜನ್ಮಕ್ಕೆ ಸಾಕು. ಹಿಮದ ಭಾರಕ್ಕೆ ತಲೆ ಬಾಗಿಸಿದ ಮರಗಳು. ಹತ್ತು ಗಂಟೆಯಾದರೂ ಇನ್ನೂ ನಸುಕಿನ ಬಣ್ಣ. ಅಂಥ ಜಾಗದಲ್ಲಿ ನಮ್ಮಕ್ಕ ಕಂಬಳಿಯೊಳಗಿಂದ ಎಡೆಬಿಡದೆ ಮಾತಾಡುತ್ತಿದ್ದಳು. ಊರಿನ ಕರುವಿನ ಬಗ್ಗೆ, ಭಾವ ಆಲೂಗಡ್ಡೆಗೆ ನೀರು ಬಿಟ್ಟರೋ ಇಲ್ಲವೋ ಅಂತ. ನಾನು ಹೂಂ ಹೂಂ ಅನ್ನುತ್ತಿದ್ದೆ.

ಆಗ ಏರು ಬಂತು.

ಉದ್ದನೆಯ ಏರು. ಯುಕ್ಕನ ಬಂಡಿ ಆಗಲೇ ನೆತ್ತಿ ದಾಟಿ ಕಣ್ಮರೆಯಾಗಿತ್ತು. ನಮ್ಮ ನಾಯಿಗಳ ವೇಗ ಇಳಿಯಿತು, ಬೆನ್ನು ಬಗ್ಗಿತು. ಅವುಗಳಲ್ಲಿ ಒಂದು, ಒಂದು ಕಿವಿ ಮಡಚಿಕೊಂಡಿದ್ದ ಕಂದು ನಾಯಿ, ಕತ್ತು ತಿರುಗಿಸಿ ನನ್ನನ್ನು ನೋಡಿತು.

ಎತ್ತಿನ ಗಾಡಿ ಹೊಡೆದವರಿಗೆ ಆ ನೋಟ ಗೊತ್ತು.

ನಮ್ಮ ಬೆಟ್ಟದ ದಾರಿಗಳಲ್ಲಿ ಏರು ಬಂದರೆ ಗಾಡಿಯಿಂದ ಇಳಿಯಬೇಕು. ಬಾಣಂತಿ, ಮುದುಕಿ ಬಿಟ್ಟು ಮಿಕ್ಕವರೆಲ್ಲ ಇಳಿಯಬೇಕು. ಯಾರೂ ಹೇಳಬೇಕಾಗಿಲ್ಲ. ಕೂತೇ ಇದ್ದರೆ ನಮ್ಮಪ್ಪ ಮಾತಾಡುತ್ತಿರಲಿಲ್ಲ, ಗಾಡಿ ನಿಲ್ಲಿಸಿ ಎತ್ತಿನ ಮೈ ಸವರುತ್ತಾ ನಮ್ಮನ್ನೇ ನೋಡುತ್ತಿದ್ದರು, ಅಷ್ಟೇ. ಏಳೆಂಟು ವರ್ಷಕ್ಕೇ ನನ್ನ ಕಾಲಿಗೆ ಆ ಬುದ್ಧಿ ಬಂದುಬಿಟ್ಟಿತ್ತು. ನೆಲ ಏರಿದರೆ ಕಾಲು ತಾನಾಗೇ ಇಳಿಯುತ್ತದೆ.

ಇಳಿಯಿತು.

ಇಳಿದೆ, ಹಿಡಿಕೆ ಬಿಟ್ಟೆ, ಅಪ್ಪನ ಹಾಗೆ ಪಕ್ಕದಲ್ಲಿ ನಡೆಯೋಣ ಅಂತ ಒಂದು ಹೆಜ್ಜೆ ಇಟ್ಟೆ. ಎತ್ತಿಗೆ ಭಾರ ಇಳಿದರೆ ಏನು ಮಾಡುತ್ತದೆ? ಒಂದು ಉಸಿರು ಬಿಟ್ಟು ಅದೇ ನಡಿಗೆಯಲ್ಲಿ ಹೋಗುತ್ತದೆ. ನಾಯಿಗೆ ಭಾರ ಇಳಿದರೆ? ಮುಂದಿನ ಬಂಡಿಯನ್ನು ಹಿಡಿಯಲು ಹಾರುತ್ತದೆ. ಆರೂ ಹಾರಿದವು. ನನ್ನ ಎಪ್ಪತ್ತೆಂಟು ಕೆಜಿ ಕಳೆದುಕೊಂಡ ಬಂಡಿ ಬಾಣದ ಹಾಗೆ ನೆತ್ತಿ ಸೇರಿ ಆಚೆ ಇಳಿದುಬಿಟ್ಟಿತು. ಕೊನೆಗೆ ಕಂಡಿದ್ದು ಅಕ್ಕನ ಕೆಂಪು ಮಫ್ಲರ್.

ಆಚೆ ಇರುವುದು ಇಳಿಜಾರು. ಬ್ರೇಕ್ ಮೇಲೆ ಕಾಲಿಡಬೇಕಾದವನು ಈಚೆ ನಿಂತಿದ್ದಾನೆ.

ಓಡಿದೆ. ಮೊಣಕಾಲುದ್ದ ಹಿಮದಲ್ಲಿ ಓಡುವುದು ಅಂದರೆ ಕೆಸರುಗದ್ದೆಯಲ್ಲಿ ಹಾಸಿಗೆ ಸುತ್ತಿಕೊಂಡು ಓಡಿದ ಹಾಗೆ. ಬಿದ್ದೆ, ಎದ್ದೆ, ಬಿದ್ದೆ. ಅಕ್ಕಾ ಅಂತ ಕೂಗಿದರೆ ಗಂಟಲಲ್ಲಿ ತಣ್ಣನೆ ಗಾಳಿ ಸಿಕ್ಕಿಕೊಂಡು ದನಿಯೇ ಬರಲಿಲ್ಲ. ಮರಕ್ಕೆ ಬಡಿದರೆ? ಬಂಡಿ ಮಗುಚಿದರೆ? ಹಸು ಬಿಟ್ಟು ಬರದ ಆ ಮನುಷ್ಯನಿಗೆ ಹೋಗಿ ಏನಂತ ಹೇಳಲಿ? ಈರೋಡು ಜಿಲ್ಲೆಯ ಹೆಂಗಸನ್ನು ಭೂಮಿಯ ತುದಿಗೆ ಕರೆದುಕೊಂಡು ಹೋಗಿ, ಏರಿನಲ್ಲಿ ನಾಯಿಗೆ ಪಾಪ ಅನಿಸಿ ಬಿಟ್ಟುಬಿಟ್ಟೆ ಅಂತಲೇ?

ನೆತ್ತಿಗೆ ಬಂದು ಕೆಳಗೆ ನೋಡಿದೆ. ಎರಡೂ ಬಂಡಿ ನಿಂತಿದ್ದವು. ಅಲ್ಲೇ ಹಿಮದ ಮೇಲೆ ಕುಸಿದು ಕೂತೆ. ನನ್ನ ಜೀವಮಾನದಲ್ಲಿ ನೋಡಿದ ಅತಿ ಚಂದದ ದೃಶ್ಯ ಯಾವುದು ಅಂತ ಯಾರಾದರೂ ಕೇಳಿದರೆ ಇದನ್ನೇ ಹೇಳುತ್ತೇನೆ.

ನಡೆದದ್ದನ್ನು ಆಮೇಲೆ ಹೆಲೀನಾ ಹೇಳಿದಳು. ಪ್ರತಿ ಏರು ದಾಟಿದ ಮೇಲೂ ಯುಕ್ಕ ಹಿಂದಿರುಗಿ ನೋಡುತ್ತಾನಂತೆ. ನೋಡಿದ್ದಾನೆ, ಬಂಡಿ ಬರುತ್ತಿದೆ, ಹಿಂದೆ ಯಾರೂ ಇಲ್ಲ. ತನ್ನ ಬಂಡಿಯ ಕಬ್ಬಿಣದ ಕೊಕ್ಕೆಯನ್ನು ಹಿಮಕ್ಕೆ ತುಳಿದು ನಿಲ್ಲಿಸಿ, ದಾರಿಗೆ ಅಡ್ಡ ಬಂದು, ಹಾದುಹೋಗುತ್ತಿದ್ದ ನಮ್ಮ ಬಂಡಿಯ ಹಿಡಿಕೆಗೆ ಜೋತುಬಿದ್ದಿದ್ದಾನೆ. ಮೂವತ್ತು ಮಾರು ದೂರ ಹೊಟ್ಟೆಯ ಮೇಲೆ ಎಳೆಸಿಕೊಂಡು ಹೋಗಿ, ಹೇಗೋ ಮೊಣಕಾಲು ಊರಿ ಬ್ರೇಕ್ ಒತ್ತಿದ್ದಾನೆ. ಅರವತ್ತು ವರ್ಷದ ಮನುಷ್ಯ. ನನ್ನಿಂದಾಗಿ.

ನಾನು ಹೋಗುವ ಹೊತ್ತಿಗೆ ಅಕ್ಕ ಅವನ ಗಡ್ಡದಲ್ಲಿ ಸಿಕ್ಕಿದ್ದ ಹಿಮವನ್ನು ತನ್ನ ಮಫ್ಲರಿನಲ್ಲಿ ಒರೆಸುತ್ತಿದ್ದಳು. ಅವನು ಚಿಕ್ಕ ಮಗುವಿನ ಹಾಗೆ ಮುಖ ಒಡ್ಡಿಕೊಂಡು ನಿಂತಿದ್ದ. ನಾನು ಬಂಡಿಯ ಮೇಲಿಲ್ಲ ಅನ್ನುವುದು ಅಕ್ಕನಿಗೆ ಇಳಿಜಾರಿನವರೆಗೂ ಗೊತ್ತೇ ಆಗಿರಲಿಲ್ಲವಂತೆ. "ಮೂರ್ ಸಲ 'ಅಲ್ವೇನ್ಲಾ' ಅಂದೆ. ನೀ ಉಸ್ರೇ ಬುಡ್ನಿಲ್ಲ. ಏನೋ ಮುನ್ಸ್ಕಂಡವ್ನೆ ಅನ್ಕಂಡೆ," ಅಂದಳು.

ಯುಕ್ಕ ಬೈಯಲಿಲ್ಲ. ಯಾಕೆ ಇಳಿದೆ ಅಂತ ಕೇಳಿದ. ನಾನು ಗಾಡಿ, ಎತ್ತು, ಏರು, ಅಪ್ಪ ಎಲ್ಲವನ್ನೂ ತೊದಲುತ್ತಾ ಹೇಳಿದೆ. ಬಾರದ ಕಡೆ ಹೆಲೀನಾ ಸೇರಿಸಿದಳು. ಅವನು ಕೇಳಿಸಿಕೊಂಡು, ಆರು ನಾಯಿಗಳ ಪಾದವನ್ನೂ ಒಂದೊಂದಾಗಿ ಎತ್ತಿ ನೋಡಿದ. ಕಂದು ನಾಯಿಯ ಕಿವಿ ಹಿಂಡಿದ. ಆಮೇಲೆ ಅವರ ಭಾಷೆಯಲ್ಲಿ ನಾಲ್ಕೇ ಮಾತಾಡಿದ.

ಹೆಲೀನಾ ತಿರುಗಿದಳು. "ಇಳ್ದಿದ್ದು ಸರಿ ಅಂತೆ ಕಣಣ್ಣ. ಏರು ಬಂದ್ರ ಅವ್ರೂ ಇಳ್ದು ಜತೇಲಿ ಓಡ್ತಾರಂತೆ. ಕೈ ಬುಟ್ಟಿದ್ದೇ ತಪ್ಪಂತೆ."

ಇಷ್ಟು ಹೇಳಿ ಅವನು ಹಿಡಿಕೆ ಹಿಡಿದುಕೊಂಡೇ ಬಂಡಿಯ ಹಿಂದೆ ಹೇಗೆ ಓಡಬೇಕು ಅಂತ ತೋರಿಸಿದ. ತೋರಿಸಿ, ಬಂಡಿಯನ್ನು ಮತ್ತೆ ನನಗೇ ಕೊಟ್ಟ! ನಾನಾಗಿದ್ದರೆ ಕೊಡುತ್ತಿರಲಿಲ್ಲ. ನನ್ನ ಮೋಟರ್ ಬೈಕನ್ನು ಒಂದು ಸಲ ಬೀಳಿಸಿದ ಷಡ್ಡಕನಿಗೆ ನಾನು ಇವತ್ತಿನವರೆಗೂ ಕೀ ಕೊಟ್ಟಿಲ್ಲ.

ಆದರೆ ಅಕ್ಕ ಕೂರಬೇಕಲ್ಲ? ಭಯವಾದರೆ ತನ್ನ ಬಂಡಿಗೆ ಬರಲಿ, ಹೆಲೀನಾ ಇದರಲ್ಲಿ ಕೂರುತ್ತಾಳೆ ಅಂತ ಯುಕ್ಕ ಜಾಗ ತೋರಿಸಿದ. ಅವರಿಬ್ಬರೂ ಅಕ್ಕನ ಮುಖ ನೋಡಿದರು. ನಾನು ಹಿಮ ನೋಡಿದೆ.

ಅಕ್ಕ ನನ್ನ ಹತ್ತಿರ ಬಂದಳು. ದನಿ ಏರಿಸಲಿಲ್ಲ.

"ನೀ ಯಾವತ್ತೂ ಇಂಗೇ ಕಣ್ಲಾ. ಒಬ್ರಿಗ ಬಾರ ಆಗ್ಬುಟ್ಟೆ ಅನ್ನುಸ್ದ್ರ ಸಾಕು, ಇಳ್ದುಬುಡ್ತೀಯ. ಇಳ್ದು ಕೈನೂ ಬುಟ್ಬುಡ್ತೀಯ. ಅವ್ವ ಸತ್ಮೇಲ ನಮ್ಮನೆಗ ಊಟುಕ್ಕ ಬರೋದ್ನೇ ಬುಟ್ಟೆ. ಅಕ್ಕುಂಗ್ಯಾಕ ತೊಂದ್ರೆ ಅಂದೆ. ತೊಂದ್ರೆ ಅಂತ ನಾ ಯೋಳಿದ್ನಾ?"

ತಾಳವಾಡಿಯಿಂದ ಅವಳ ಮನೆಗೆ ಬೈಕಿನಲ್ಲಿ ಹತ್ತು ನಿಮಿಷ. ಅವ್ವ ಹೋಗಿ ಐದು ವರ್ಷ. ಈ ಐದು ವರ್ಷದಲ್ಲಿ ನಾನು ಆ ಮನೆಗೆ ಹೋಗಿದ್ದೆಲ್ಲ ಊಟ ಮುಗಿಸಿಕೊಂಡೇ. ಒಲೆಯ ಮುಂದೆ ಅವಳು ಬೇಯುವುದು ಬೇಡ, ಪಾಪ, ಹೊಲದ ಕೆಲಸವೇ ಸಾಕಷ್ಟಿದೆ ಅಂತ. ಇದನ್ನು ನಾನು ಒಳ್ಳೆಯತನ ಅಂದುಕೊಂಡಿದ್ದೆ. ಅವಳು ಅದನ್ನು ಕೈ ಬಿಟ್ಟ ಲೆಕ್ಕಕ್ಕೆ ಹಾಕಿಕೊಂಡಿದ್ದಳು, ಐದು ವರ್ಷ, ಒಂದು ಮಾತೂ ಆಡದೆ.

ಆಡಿ ಮುಗಿಸಿದ ಮೇಲೆ ಹೋಗಿ ನನ್ನ ಬಂಡಿಯಲ್ಲೇ ಕೂತಳು. ಕಂಬಳಿ ಎಳೆದುಕೊಂಡಳು.

"ಬಂಡಿ ಒಡಿ. ಬೀಳುಸ್ದ್ರ ನಿನ್ ಬಾವುಂಗ ಯೋಳ್ತೀನಿ."

ಆಮೇಲೆ ಎರಡು ಏರು ಬಂದವು. ಎರಡರಲ್ಲೂ ಇಳಿದೆ. ಹಿಡಿಕೆ ಹಿಡಿದುಕೊಂಡೇ, ನಾಲಿಗೆ ಹೊರಗೆ ಬಿಟ್ಟುಕೊಂಡು ಓಡಿದೆ. (ಏಳನೆಯ ನಾಯಿ ಅಂತ ಹೆಲೀನಾ ಫೋಟೋ ತೆಗೆದಿದ್ದಾಳೆ. ಅದನ್ನು ಬ್ಲಾಗಿಗೆ ಹಾಕುವುದಿಲ್ಲ, ಕೇಳಬೇಡಿ.) ಅಕ್ಕ ಮಾತಾಡುತ್ತಿದ್ದಳು, ನಾನು ಏದುಸಿರಿನಲ್ಲೇ ಹೂಂ ಅನ್ನುತ್ತಿದ್ದೆ. ನಾನು ಹೂಂ ಅನ್ನುವುದು ಒಂದು ಕ್ಷಣ ತಡವಾದರೂ ಅವಳ ಕತ್ತು ಹಿಂದಕ್ಕೆ ತಿರುಗುತ್ತಿತ್ತು.

ಗಮನಿಸಿದ್ದೀರಾ, ಈಗ ನಮ್ಮಲ್ಲಿ ಎಲ್ಲರೂ ಬಹಳ ಒಳ್ಳೆಯವರಾಗಿಬಿಟ್ಟಿದ್ದೇವೆ. ಬರುವ ಮುಂಚೆ ಫೋನ್ ಮಾಡಿ, ನಮಗಾಗಿ ಏನೂ ಮಾಡಬೇಡಿ, ತಿಂದುಕೊಂಡೇ ಬರುತ್ತೇವೆ ಅನ್ನುತ್ತೇವೆ. ಆಸ್ಪತ್ರೆಯಲ್ಲಿರುವವರನ್ನು ನೋಡಲು ಹೋಗುವುದಿಲ್ಲ, ಡಿಸ್ಟರ್ಬ್ ಆಗುತ್ತದಂತೆ. ಮಾತಾಡಬೇಕಾದ ಕಡೆ ಮಿಸ್ಡ್ ಕಾಲ್ ಕೊಟ್ಟು, ಬಿಡುವಾದಾಗ ಮಾಡಲಿ ಬಿಡು ಅನ್ನುತ್ತೇವೆ. ಯಾರಿಗೂ ಯಾರೂ ಭಾರವಿಲ್ಲ. ಬಂಡಿಗಳು ಹಗುರವಾಗಿ, ಜೋರಾಗಿ ಓಡುತ್ತಿವೆ. ಹಿಂದೆ ಯಾರಿದ್ದಾರೆ?

ಯುಕ್ಕನಿಗೆ ನಾನು ಸರಿಯಾಗಿ ಥ್ಯಾಂಕ್ಸ್ ಕೂಡ ಹೇಳಲಿಲ್ಲ. ಹೊರಡುವ ದಿನ ಕೈ ಕುಲುಕಿದೆ, ಅವನು ತಲೆ ಆಡಿಸಿದ, ಅಷ್ಟೇ. ಅವನಿಗೆ ಕನ್ನಡ ಓದಲು ಬರುವುದಿಲ್ಲ. ಹೆಲೀನಾ ಓದಿ ಹೇಳಲಿ: ಅಯ್ಯಾ, ನಮ್ಮಕ್ಕನನ್ನು ಹಿಡಿದು ನಿಲ್ಲಿಸಿದೆಯಲ್ಲ, ನಿನ್ನ ಹೊಟ್ಟೆ ತಣ್ಣಗಿರಲಿ. ಬಂಡಿಯನ್ನು ಮತ್ತೆ ನನ್ನ ಕೈಗೆ ಕೊಟ್ಟೆಯಲ್ಲ, ಅದು ಅದಕ್ಕಿಂತ ದೊಡ್ಡದು. ಆ ಕಂದು ನಾಯಿಗೂ ಒಂದು ನಮಸ್ಕಾರ ತಲುಪಿಸು.

ಮೊನ್ನೆ ಭಾನುವಾರ ಮಧ್ಯಾಹ್ನ ದೊಡ್ಡಗಾಜನೂರಿಗೆ ಹೋದೆ. ಹಸಿದುಕೊಂಡು ಹೋದೆ, ಫೋನೂ ಮಾಡದೆ. ಎಲ್ಲರ ಊಟ ಆಗಿತ್ತು, ಪಾತ್ರೆ ತೊಳೆದು ಬೋರಲು ಹಾಕಿದ್ದಳು. ಭಾವ ಜಗಲಿಯ ಮೇಲೆ ಮಲಗಿದ್ದರು. ಊಟಕ್ಕೆ ಬಂದೆ ಅಂದೆ. ಅಕ್ಕ ಒಲೆ ಹಚ್ಚಿ, ಮುದ್ದೆಗೆ ಎಸರಿಟ್ಟಳು. ಇಟ್ಟು ಶುರು ಮಾಡಿದಳು: ಹೊತ್ತು ಗೊತ್ತು ಬೇಡವೇ, ಒಂದು ಫೋನ್ ಮಾಡಲು ಏನು ಕಷ್ಟ, ಸಾರು ಬೇರೆ ತಳದಲ್ಲಿದೆ, ವಯಸ್ಸಾಯಿತು ಬುದ್ಧಿ ಬರಲಿಲ್ಲ.

ಮುದ್ದೆ ತಟ್ಟೆಗೆ ಬೀಳುವವರೆಗೂ ಬೈದಳು. ಇಷ್ಟು ರುಚಿಯಾದ ಬೈಗುಳವನ್ನು ನಾನು ಐದು ವರ್ಷ ಯಾರಿಗೆ ಉಪಕಾರ ಮಾಡಲು ಬಿಟ್ಟಿದ್ದೆ?