ಬಟನ್ ಸಾಬರ ಪ್ಲೇಆಫ್

ಕೋಟಿನ ಬಟನ್ ಕೇಳಿಕೊಂಡು ಬಂದ ಟೈಲರನಿಗೆ "ಅದನ್ನ ಕೊಡೋಕಾಗಲ್ಲ, ಅದಿನ್ನೂ ಕ್ವಾಲಿಫೈ ಆಗ್ಬೇಕು" ಎಂದು ಹೇಳಿ ವಾಪಸು ಕಳಿಸಿದ ವ್ಯಾಪಾರಿ ಇಡೀ ಕಂಟೋನ್ಮೆಂಟಿನಲ್ಲಿ ನಮ್ಮ ಯೂಸುಫ್ ಸಾಬರೊಬ್ಬರೇ ಇರಬೇಕು.

ಕಮರ್ಷಿಯಲ್ ಸ್ಟ್ರೀಟಿನ ಒಂದು ಅಡ್ಡಗಲ್ಲಿಯಲ್ಲಿ ಅವರ ಅಂಗಡಿ. ಬಟನ್, ಹುಕ್ಕು, ಜಿಪ್ಪು, ದಾರ, ಲೇಸು ಇಷ್ಟೇ ಸರಕು. ಇಬ್ಬರು ಗಿರಾಕಿಗಳು ನಿಂತರೆ ಮೂರನೆಯವರು ಗಲ್ಲಿಯಲ್ಲೇ ಕಾಯಬೇಕು. ಬೇರೆ ಅಂಗಡಿಗಳಲ್ಲಿ ಕ್ಯಾಲೆಂಡರ್ ತೂಗುವ ಜಾಗದಲ್ಲಿ ಸಾಬರು ಎರಡು ಕಪ್ಪು ಬಟ್ಟೆಯ ಪಟ್ಟಿಗಳನ್ನು ನೇತುಹಾಕಿದ್ದರು. ಎರಡರ ಮೇಲೂ ಮೇಲಿನಿಂದ ಕೆಳಕ್ಕೆ ಬಗೆಬಗೆಯ ಬಟನ್‌ಗಳನ್ನು ಗುಂಡುಪಿನ್ನಿನಿಂದ ಸಿಕ್ಕಿಸಿರುತ್ತಿದ್ದರು. ಎಂಟನೆಯ ಬಟನ್ನಿನ ಕೆಳಗೆ ಅಡ್ಡಲಾಗಿ ಒಂದು ಕೆಂಪು ದಾರ. ಹೊಸಬರು ಅದನ್ನು ಸ್ಯಾಂಪಲ್ ಎಂದುಕೊಂಡು ಬೆರಳು ತೋರಿಸುತ್ತಿದ್ದರು. ಸಾಬರಿಗೆ ಅಷ್ಟೇ ಬೇಕಿತ್ತು. ಗಿರಾಕಿ ಬಂದ ಕೆಲಸ ಮರೆಯುವವರೆಗೂ ಅಮೆರಿಕದ ಬಾಸ್ಕೆಟ್‌ಬಾಲ್ ಪುರಾಣ ಶುರು.

ತೊಂಬತ್ತರ ದಶಕದಲ್ಲಿ ನಮ್ಮ ಕಡೆ ಕೇಬಲ್ ಟಿವಿ ಬಂದದ್ದೇ ತಡ, ಸಾಬರಿಗೆ ಈ ಹುಚ್ಚು ಹತ್ತಿತು. ಬೆಳಗಿನ ನಮಾಜ್ ಮುಗಿಸಿ ಬಂದು ಟಿವಿ ಹಾಕಿದರೆ ಅಲ್ಲಿ ಅಮೆರಿಕದಲ್ಲಿ ರಾತ್ರಿಯ ಆಟ. ಪಟ್ಟಿಯ ಒಂದೊಂದು ಬಟನ್ನೂ ಅಲ್ಲಿನ ಒಂದೊಂದು ಟೀಮು. ನೋಡಿ ಮುಗಿಸಿ, ಅಂಗಡಿಗೆ ಬಂದು, ಮೊದಲು ಸೋಲುಗೆಲುವಿನಂತೆ ಬಟನ್‌ಗಳನ್ನು ಮೇಲೆ ಕೆಳಗೆ ಮಾಡಿ, ಆಮೇಲೆ ಬೋಣಿ. ಆ ಟೈಲರ್ ಕೇಳಿದ ಕಂದು ಬಟನ್ ಆಗ ಒಂಬತ್ತನೆಯ ಜಾಗದಲ್ಲಿತ್ತು. ಬೇರೆ ಡಬ್ಬಿಯಲ್ಲಿ ಅಂಥದ್ದು ಉಳಿದಿರಲಿಲ್ಲ. ಟೈಲರ್ ಶಿವಾಜಿನಗರದ ಹಳೆಯ ಗಿರಾಕಿ, ರೇಗಿ ಹೋದವನು ರಂಜಾನಿನ ತನಕ ಆ ಕಡೆ ತಲೆ ಹಾಕಲಿಲ್ಲ.

ನನ್ನಮ್ಮ ಹಲಸೂರಿನಲ್ಲಿ ಮನೆಯಲ್ಲೇ ರವಿಕೆ ಹೊಲಿಯುತ್ತಿದ್ದಳು. ಹುಕ್ಕು ತರಲು ಅವಳ ಜೊತೆ ಹೋಗುತ್ತಿದ್ದ ನಾನು ಆ ಪಟ್ಟಿಗಳ ಮುಂದೆ ನಿಂತೇ ಆ ಲೆಕ್ಕಾಚಾರ ಕಲಿತೆ. ಅಲ್ಲಿ ಟೀಮುಗಳನ್ನು ಪೂರ್ವ, ಪಶ್ಚಿಮ ಎಂದು ಎರಡು ಪಾಲು ಮಾಡಿರುತ್ತಾರೆ. ಒಂದೊಂದು ಟೀಮೂ ಎಂಬತ್ತೆರಡು ಪಂದ್ಯ ಆಡಬೇಕು. ಕೊನೆಗೆ ಪೂರ್ವದಿಂದ ಎಂಟು, ಪಶ್ಚಿಮದಿಂದ ಎಂಟು ಟೀಮುಗಳು ದಾರದ ಮೇಲೆ ಉಳಿಯುತ್ತವೆ. ಅವುಗಳಿಗೆ ಮಾತ್ರ ಪ್ಲೇಆಫ್, ಅಂದರೆ ಕಪ್ಪಿಗಾಗಿ ಕೊನೆಯ ಸುತ್ತಿನ ಆಟ. ಮಿಕ್ಕವರು ಚೀಲ ಕಟ್ಟಿಕೊಂಡು ಮನೆಗೆ.

ಒಂದು ಸಲ ಅಮ್ಮನೇ ಪಟ್ಟಿ ನೋಡುತ್ತಾ ಕೇಳಿದಳು. "ಅಲ್ಲ ಸಾಬ್ರೇ, ಪಶ್ಚಿಮದ ಒಂಬತ್ತನೇದು ಪೂರ್ವದ ಎಂಟನೇದಕ್ಕಿಂತ ಜಾಸ್ತಿ ಗೆದ್ದಿದೆ ಅಂತೀರ. ಆದ್ರೂ ಅದೇ ಮನೆಗೆ ಹೋಗ್ಬೇಕಾ? ಅನ್ಯಾಯ ಅಲ್ವಾ?"

ಸಾಬರು ಹುಕ್ಕು ತೂಗುವುದನ್ನು ನಿಲ್ಲಿಸಿ ಅಮ್ಮನನ್ನು ಗೌರವದಿಂದ ನೋಡಿದರು. ಅಷ್ಟು ವರ್ಷದಲ್ಲಿ ಆ ಪ್ರಶ್ನೆ ಕೇಳಿದ ಮೊದಲ ಗಿರಾಕಿ ಅವಳೇ ಇರಬೇಕು. "ಅನ್ಯಾಯಾನೇ ಅಮ್ಮಾ. ಆದ್ರೆ ಮೊದ್ಲೇ ಹೇಳಿರೋ ಅನ್ಯಾಯ. ಆಟ ಮುಗಿದ ಮೇಲೆ ಹೇಳೋ ನ್ಯಾಯಕ್ಕಿಂತ ಆಟಕ್ಕೆ ಮುಂಚೆ ಹೇಳಿದ ಅನ್ಯಾಯ ವಾಸಿ."

ಈ ಮಾತನ್ನು ಅವರು ಮದುವೆ ಮಾತುಕತೆಯಿಂದ ಹಿಡಿದು ಮುನಿಸಿಪಾಲಿಟಿ ಚರಂಡಿಯವರೆಗೆ ಎಲ್ಲದಕ್ಕೂ ಬಳಸುತ್ತಿದ್ದರು. ನಮಗೆ ಕೇಳಿ ಕೇಳಿ ಸಾಕಾಗಿತ್ತು.

ಸಾಬರು ಬರೀ ಟಿವಿ ನೋಡುವ ಆಸಾಮಿ ಅಲ್ಲ. ವಯಸ್ಸಿನಲ್ಲಿದ್ದಾಗ ಒಳ್ಳೆಯ ಬಾಸ್ಕೆಟ್‌ಬಾಲ್ ಆಟಗಾರರು. ಉದ್ದ ಕೈ, ಸ್ವಲ್ಪ ಬಾಗಿದ ಬೆನ್ನು, ಅಟ್ಟದ ಡಬ್ಬಿ ತೆಗೆಯಲು ಅವರಿಗೆ ಸ್ಟೂಲ್ ಬೇಕಿರಲಿಲ್ಲ. ರಾಜ್ಯದ ಟೀಮಿನ ಆಯ್ಕೆಯ ದಿನ ಅವರಿಗೆ ಜ್ವರ ಬಂದಿತ್ತಂತೆ. ಆಯ್ಕೆಗಾರರು ಒಂದೇ ಪಂದ್ಯ ನೋಡಿ ಬೇಡವೆಂದರಂತೆ. ಅಂದಿನಿಂದ ಒಂದು ಸೋತರೆ ಹೊರಕ್ಕೆ ಎನ್ನುವ ನಾಕೌಟ್ ಪದ್ಧತಿಯ ಹೆಸರೆತ್ತಿದರೆ ಅವರ ಮೂಗಿನ ತುದಿ ಕೆಂಪಾಗುತ್ತಿತ್ತು. "ಒಂದಿನ ಅನ್ನ ಸೀದು ಹೋದ್ರೆ ಹೆಂಡ್ತೀನ ತವರಿಗೆ ಕಳಿಸ್ತೀರಾ? ಇಡೀ ಸೀಸನ್ ನೋಡ್ಬೇಕಪ್ಪ, ಇಡೀ ಸೀಸನ್!"

ಹಲಸೂರಿನ ಮೈದಾನದಲ್ಲಿ ಪ್ರತಿ ಬೇಸಿಗೆ ಹುಡುಗಿಯರ ಬಾಸ್ಕೆಟ್‌ಬಾಲ್ ಪಂದ್ಯಾವಳಿ ನಡೆಯುತ್ತಿತ್ತು. ಅದರ ಉಸ್ತುವಾರಿ ಸಾಬರ ಕೈಗೆ ಬಂದ ವರ್ಷವೇ ಅವರು ನಾಕೌಟ್ ಕಿತ್ತುಹಾಕಿ ಅಮೆರಿಕದ ಪದ್ಧತಿ ತಂದರು. ಎಂಟು ಟೀಮು. ಎಲ್ಲರೂ ಎಲ್ಲರ ಜೊತೆ ಆಡುವ ಲೀಗು. ಮೊದಲ ನಾಲ್ಕು ಜಾಗದವರಿಗೆ ಪ್ಲೇಆಫ್. ಅದು ನಾನು ಹಲಸೂರು ಟೀಮಿನಲ್ಲಿ ಚೆನ್ನಾಗಿ ಆಡುತ್ತಿದ್ದ ಕಾಲ. ಅಪ್ಪನ ಕಾರ್ಖಾನೆ ಮುಚ್ಚಿತ್ತು. ಅಮ್ಮನ ಹೊಲಿಗೆ ಮಷೀನಿನ ಮೇಲೆ ಮನೆ ನಡೆಯುತ್ತಿತ್ತು. ಸರ್ಕಾರಿ ಬ್ಯಾಂಕೊಂದರ ಮಹಿಳಾ ಟೀಮಿನ ಕೋಚ್ ನಮ್ಮ ಪ್ಲೇಆಫ್ ನೋಡಲು ಬರುತ್ತಾರೆ, ಹಿಡಿಸಿದ ಹುಡುಗಿಗೆ ಕ್ರೀಡಾ ಕೋಟಾದಲ್ಲಿ ಕೆಲಸ ಕೊಡುತ್ತಾರೆ ಎಂದು ಸುದ್ದಿ ಬಂತು. ನಮ್ಮ ಕೋಚ್ ಆಂಥೋನಿ ಮಾಸ್ಟರ್ ಮನೆಗೇ ಬಂದು ಅಮ್ಮನಿಗೆ ಹೇಳಿದರು. "ನಾಲ್ಕರೊಳಗೆ ಬಂದ್ರೆ ಸಾಕಮ್ಮ. ನಮ್ ಗೀತಾನ್ನ ಒಂದ್ಸಲ ನೋಡಿದ್ರೆ ಅವ್ರು ಬಿಡಲ್ಲ." ಅಮ್ಮ ಅಂದು ಸಂಜೆ ಪಾಯಸ ಮಾಡಿದಳು.

ಈಗ ನಾವು ಮಾಡಿದ ಎಡವಟ್ಟು ಹೇಳಬೇಕು. ಹಲಸೂರು, ಗೌತಮಪುರದ ಕಡೆ ಹುಟ್ಟಿದವರಿಗೆ ಮಾತು ಬರುವ ಮುಂಚೆ ಫುಟ್‌ಬಾಲ್ ಬರುತ್ತದೆ. ಫುಟ್‌ಬಾಲಿನಲ್ಲಿ ಇಬ್ಬರು ಪಾಯಿಂಟಿನಲ್ಲಿ ಸಮವಾದರೆ, ಹೊಡೆದ ಗೋಲಿಗೂ ಬಿಟ್ಟುಕೊಟ್ಟ ಗೋಲಿಗೂ ಇರುವ ವ್ಯತ್ಯಾಸ ಯಾರದು ಜಾಸ್ತಿಯೋ ಅವರು ಮೇಲೆ. ಇದು ನಮ್ಮ ಬೀದಿಯ ಮುದುಕಿಯರಿಗೂ ಗೊತ್ತು. ಬಾಸ್ಕೆಟ್‌ಬಾಲಿನಲ್ಲೂ ಹಾಗೇ ಇರಬೇಕೆಂದು ನಾವೆಲ್ಲ, ಆಂಥೋನಿ ಮಾಸ್ಟರೂ ಸೇರಿ, ಮನಸ್ಸಿನಲ್ಲೇ ತೀರ್ಮಾನ ಮಾಡಿಕೊಂಡಿದ್ದೆವು. ಮೊದಲ ದಿನ ಸಾಬರು ಮೈದಾನದ ನಡುವೆ ನಿಂತು ನಿಯಮಗಳನ್ನು ಒಂದೊಂದಾಗಿ ಓದಿದ್ದರು. ಸಮವಾದರೆ ಮೊದಲು ನೋಡುವುದು ಆ ಇಬ್ಬರೇ ಎದುರಾಬದುರಾದಾಗ ಯಾರು ಗೆದ್ದರು ಎಂಬುದನ್ನು, ಅಂಕದ ವ್ಯತ್ಯಾಸ ಆಮೇಲಿನ ಮಾತು, ಎಂದು ಎರಡು ಸಲ ಹೇಳಿದ್ದರಂತೆ. ನಾವು ಆಗ ಹೊಸ ಜೆರ್ಸಿಗಳಲ್ಲಿ ಯಾರಿಗೆ ಯಾವ ನಂಬರು ಎಂದು ಕಿತ್ತಾಡುತ್ತಿದ್ದೆವು.

ಹೀಗಾಗಿ ಕೆ.ಆರ್.ಪುರದ ಟೀಮಿಗೆ ಒಂದೇ ಅಂಕದಿಂದ ಸೋತಾಗ ನಮಗೆ ಏನೂ ಅನ್ನಿಸಲಿಲ್ಲ. ಅವರು ಗರುಡಾಚಾರ್‌ಪಾಳ್ಯ, ಟಿನ್ ಫ್ಯಾಕ್ಟರಿ ಕಡೆಯಿಂದ ಬಸ್ಸಿನಲ್ಲಿ ನೇತಾಡಿಕೊಂಡು ಬರುತ್ತಿದ್ದ ಹುಡುಗಿಯರು. ಕ್ಯಾಪ್ಟನ್ ಮಂಜುಳ, ಕಡ್ಡಿಯಂಥ ಹುಡುಗಿ, ಬಾಲು ಹಿಡಿದರೆ ಬಿಡುತ್ತಿರಲಿಲ್ಲ. ಸೋಲಿನ ಲೆಕ್ಕ ತೀರಿಸಲು ನಾವು ಎಲ್ಲರಿಗಿಂತ ಚಿಕ್ಕ ಮಕ್ಕಳಿದ್ದ ಟೀಮನ್ನು ಹಿಗ್ಗಾಮುಗ್ಗಾ ಬಾರಿಸಿದೆವು. ಆ ಮಕ್ಕಳು ಅಳುವುದೊಂದು ಬಾಕಿ. ಸಾಬರು ನನ್ನನ್ನು ಪಕ್ಕಕ್ಕೆ ಕರೆದರು.

"ಯಾಕೆ ಬೇಟಿ, ಆ ಮಕ್ಕಳನ್ನ ಹಂಗೆ ಹೊಡಿತೀರ? ಗೆದ್ರಿ, ಮುಗೀತು."

"ಡಿಫರೆನ್ಸ್ ಬೇಕಲ್ಲ ಚಾಚಾ, ಮುಂದಕ್ಕೆ ಬೇಕಾಗತ್ತೆ" ಎಂದೆ.

"ಡಿಫರೆನ್ಸ್ ಯಾತಕ್ಕೆ ಬರತ್ತೆ? ಮೊದಲ್ನೇ ದಿನಾನೇ ಹೇಳಿದ್ನಲ್ಲ" ಎಂದರು. ಚಾಚಾ ಎಂದಿನಂತೆ ಪಾಠ ಶುರುಮಾಡಿದರು ಎಂದುಕೊಂಡು ನಾನು ನಕ್ಕು ನೀರು ಕುಡಿಯಲು ಓಡಿದೆ.

ಲೀಗಿನ ಕೊನೆಯ ದಿನ ನಮ್ಮ ಪಂದ್ಯಗಳೆಲ್ಲ ಮುಗಿದು ನಾವು ನಾಲ್ಕನೆಯ ಜಾಗದಲ್ಲಿದ್ದೆವು. ಕೆ.ಆರ್.ಪುರದವರಿಗೆ ಒಂದು ಪಂದ್ಯ ಬಾಕಿ. ಅದನ್ನು ಗೆದ್ದರೂ ಅವರು ನಮಗೆ ಸಮ ಆಗುತ್ತಾರೆ ಅಷ್ಟೇ, ನಮ್ಮ ಡಿಫರೆನ್ಸು ಬೆಟ್ಟದಷ್ಟಿದೆ ಎಂಬ ಧೈರ್ಯ. ನಾವು ಬೇಕರಿಯಿಂದ ದಿಲ್‌ಪಸಂದ್ ತರಿಸಿ, ಕಟ್ಟೆಯ ಮೇಲೆ ಕೂತು ತಿನ್ನುತ್ತಾ ಅವರ ಆಟ ನೋಡಿದೆವು. ಮಂಜುಳ ಗೆದ್ದಾಗ ನಾವೂ ಚಪ್ಪಾಳೆ ತಟ್ಟಿದೆವು. ಪಾಪ, ಅಷ್ಟು ದೂರದಿಂದ ಬಂದಿದ್ದಾರೆ ಎಂದು ಯಾರೋ ಹೇಳಿದ್ದೂ ನೆನಪಿದೆ.

ಸಾಬರು ಎದ್ದು ನಿಂತು ನಾಲ್ಕು ಟೀಮುಗಳ ಹೆಸರು ಓದಿದರು. ನಾಲ್ಕನೆಯ ಹೆಸರು ಕೆ.ಆರ್.ಪುರ.

ಮೊದಲಿಗೆ ನಮಗೆ ಅರ್ಥವೇ ಆಗಲಿಲ್ಲ. ಎದುರಾಬದುರಾದಾಗಿನ ಆ ಒಂದು ಅಂಕದ ಸೋಲೇ ನಮ್ಮನ್ನು ಹೊರಗಿಟ್ಟಿದೆ ಎಂದು ಅರ್ಥವಾದ ಮೇಲೆ ಮೈದಾನದಲ್ಲಿ ಕನ್ನಡ, ತಮಿಳು, ಉರ್ದು, ಇಂಗ್ಲಿಷ್ ನಾಲ್ಕರಲ್ಲೂ ಜಗಳವಾಯಿತು. ಆಂಥೋನಿ ಮಾಸ್ಟರ್ ಸಾಬರ ಕೈ ಹಿಡಿದುಕೊಂಡರು. "ಸಾಬ್, ಬ್ಯಾಂಕಿನ ಕೋಚ್ ಬರ್ತಿರೋದೇ ನಮ್ ಹುಡುಗೀನ ನೋಡೋಕೆ. ನೀವೇ ಮಾಡಿದ ರೂಲು, ನೀವೇ ಬದ್ಲಾಯಿಸಿ. ಯಾರು ಕೇಳ್ತಾರೆ?"

"ಆ ಹುಡುಗೀರು ಕೇಳ್ತಾರೆ" ಎಂದು ಸಾಬರು ಕೆ.ಆರ್.ಪುರದವರ ಕಡೆ ಕೈ ತೋರಿಸಿದರು. ಮಂಜುಳ ಮತ್ತವಳ ಜೊತೆಯವರು ಬಸ್ಸಿಗೆ ಹೊರಟವರು ಚೀಲ ಹಿಡಿದುಕೊಂಡು ಹಾಗೇ ನಿಂತಿದ್ದರು. ತಮಗೆ ಸಿಕ್ಕಿದ್ದು ಉಳಿಯುತ್ತದೋ ಇಲ್ಲವೋ ಎಂಬ ಗಾಬರಿ ಅವರ ಮುಖದಲ್ಲಿತ್ತು.

ನಾನು ಸಾಬರ ಮುಂದೆ ಹೋಗಿ, "ಚಾಚಾ, ನನ್ ಕೆಲ್ಸ ಹೋಯ್ತು" ಎಂದೆ. ಅಳು ಬಂತು. ಅವರು ತಮ್ಮ ಆ ಪ್ರಸಿದ್ಧ ಮಾತನ್ನು ಅಂದು ಹೇಳಲಿಲ್ಲ. ತಲೆ ತಗ್ಗಿಸಿ, ಕುರ್ಚಿಗಳನ್ನು ಮಡಿಚಿಡಲು ಶುರುಮಾಡಿದರು.

ಬ್ಯಾಂಕಿನ ಕೋಚ್ ಬಂದರು, ಮಂಜುಳಳನ್ನು ನೋಡಿದರು, ಬ್ಯಾಂಕಿಗೆ ಸೇರಿಸಿಕೊಂಡರು. ಹುಕ್ಕು ತರಲು ಆಮೇಲೆ ಬಹಳ ದಿನ ಅಮ್ಮನೊಬ್ಬಳೇ ಹೋದಳು. ಪ್ರತಿ ಸಲವೂ "ಗೀತಾ ಹೆಂಗಿದಾಳೆ?" ಎಂದು ಸಾಬರು ಕೇಳುತ್ತಾರೆಂದು ಬಂದು ಹೇಳುತ್ತಿದ್ದಳು. ನನಗೆ ಅವರ ಮೇಲೆ ಸಿಟ್ಟಿತ್ತೇ ಎಂದರೆ, ಇತ್ತು. ತಪ್ಪು ನಮ್ಮದೇ ಎಂದು ತಿಳಿದಿದ್ದರಿಂದ ಆ ಸಿಟ್ಟನ್ನು ಎಲ್ಲಿ ಇಳಿಸಬೇಕೆಂದು ತಿಳಿಯುತ್ತಿರಲಿಲ್ಲ. ಕಾಲ ಕಳೆಯಿತು. ನಾನು ಒಂದು ಶಾಲೆಯಲ್ಲಿ ಪಿ.ಟಿ. ಮೇಡಂ ಆದೆ. ಸಂಬಳ ಚಿಕ್ಕದಾದರೂ ದಿನವಿಡೀ ಮೈದಾನದಲ್ಲಿರುವ ಕೆಲಸ, ನನಗೆ ಒಗ್ಗಿತು. ಮತ್ತೆ ಲೀಗಿಗೆ ರೆಫರಿಯಾಗಿ ಹೋಗತೊಡಗಿದೆ. ಸಾಬರು ಏನೂ ನಡೆದೇ ಇಲ್ಲವೆಂಬಂತೆ ಕೈಗೆ ಸೀಟಿ ಕೊಟ್ಟು, "ಲೇಟಾಯ್ತು, ನಡಿ" ಎಂದರು.

ಮಂಜುಳಳೂ ಬ್ಯಾಂಕಿನ ಕೆಲಸದ ಜೊತೆ ರೆಫರಿಯಾಗಿ ಬರುತ್ತಿದ್ದಳು. ಗೆಳೆತನ ಹೇಗೋ ಬೆಳೆಯಿತು. ಎರಡು ಸಾವಿರದ ಇಸವಿ ದಾಟಿದ ಮೇಲಿನ ಮಾತು, ಒಂದು ಸಂಜೆ ಟಿನ್ ಫ್ಯಾಕ್ಟರಿ ಸ್ಟಾಪಿನಲ್ಲಿ ಟೀ ಕುಡಿಯುತ್ತಿದ್ದಾಗ ಅವಳು, "ಚಾಚಾಗೆ ಹಾರ್ಟ್ ಆಪರೇಷನ್ ಆಗಿದೆಯಂತೆ, ನೋಡ್ಕೊಂಡು ಬರೋಣ್ವಾ? ನಿನಗಂತೂ ಎಷ್ಟು ಓಡಾಡಿದ್ರು ಅವ್ರು" ಎಂದಳು.

"ನನಗಾ? ಯಾವಾಗ?"

ಮಂಜುಳ ಗಾಜಿನ ಲೋಟ ಕೆಳಗಿಟ್ಟಳು. "ನಿನಗೆ ಗೊತ್ತಿಲ್ವೇನೇ? ನಾನು ಬ್ಯಾಂಕಿಗೆ ಸೇರಿದ ಹೊಸದ್ರಲ್ಲಿ ನಮ್ ಪ್ರಾಕ್ಟೀಸ್ ಹತ್ರ ಬಂದು ಬೆಂಚ್ ಮೇಲೆ ಕೂತಿರೋರು. ಕೋಚ್ ಹೊರಗೆ ಬಂದ ತಕ್ಷಣ ಟೋಪಿ ತೆಗೆದು ಕೈಯಲ್ಲಿ ಹಿಡ್ಕೊಂಡು ನಿಲ್ಲೋರು. ಹಲಸೂರಿನ ಗೀತಾನ್ನ ಒಂದ್ಸಲ ಕರೆಸಿ ಸಾರ್, ನಾಲ್ಕರೊಳಗೆ ಬರ್ಲಿಲ್ಲ ಅಂತ ಬಿಡ್ಬೇಡಿ, ಇಡೀ ಸೀಸನ್ ಆಡಿದಾಳೆ ಅನ್ನೋರು. ಕೋಚ್ ಜಾಗ ಇಲ್ಲ ಅಂತ ಬೈದು ಕಳಿಸ್ತಿದ್ರು. ಮತ್ತೆ ಬರೋರು."

ಎತ್ತರದ ಡಬ್ಬಿಗೆ ಸ್ಟೂಲ್ ಬೇಡದ ಆ ಮನುಷ್ಯ ಯಾರದೋ ಮುಂದೆ ತಲೆ ಬಗ್ಗಿಸಿ ನಿಂತದ್ದನ್ನು ಊಹಿಸಿಕೊಳ್ಳಲು ನನ್ನಿಂದ ಆಗಲಿಲ್ಲ. ಟೀ ಹಾಗೇ ಉಳಿಯಿತು.

ಮರುದಿನವೇ ಫ್ರೇಜರ್ ಟೌನಿನ ಅವರ ಮನೆಗೆ ಹೋದೆವು. ದಿಂಬಿಗೊರಗಿ ಕೂತಿದ್ದರು. ಬಹಳ ಇಳಿದುಹೋಗಿದ್ದರು. ಮಂಜುಳ ಅಡುಗೆಮನೆಯಲ್ಲಿ ಅವರ ಹೆಂಡತಿಯ ಜೊತೆ ಮಾತಾಡುತ್ತಿದ್ದಾಗ ನಾನು ನೇರವಾಗಿ ಕೇಳಿಬಿಟ್ಟೆ. "ಚಾಚಾ, ನನಗೋಸ್ಕರ ಬ್ಯಾಂಕಿನ ಕೋಚ್ ಹತ್ರ ಹೋಗಿದ್ರಂತೆ."

ಮೊದಲು, ಯೂನಿಫಾರ್ಮಿನ ಬಟನ್ ಆರ್ಡರ್ ಕೇಳೋಕೆ ಹೋಗಿದ್ದೆ ಎಂದರು. ಆಮೇಲೆ ಅವರೇ ಹೇಳಿದರು. "ರೂಲು ಟೀಮಿಗೆ ಬೇಟಿ. ಅದನ್ನ ಮುಟ್ಟೋ ಹಾಗಿಲ್ಲ. ಆದ್ರೆ ಮನೆ ಮಗಳಿಗೋಸ್ಕರ ಹೋಗಿ ಕೇಳಬಾರ್ದು ಅಂತ ಯಾವ ರೂಲಲ್ಲಿದೆ?"

"ಮತ್ತೆ ನನಗ್ಯಾಕೆ ಒಂದು ಮಾತೂ ಹೇಳ್ಲಿಲ್ಲ?"

"ಕೆಲ್ಸ ಸಿಕ್ಕಿದ್ರೆ ಹೇಳ್ತಿದ್ದೆ" ಎಂದರು. "ಸಿಗ್ಲಿಲ್ವಲ್ಲ. ಏನಂತ ಹೇಳ್ಲಿ?"

ಹೇಳಿ ಮುಖ ಆ ಕಡೆ ತಿರುಗಿಸಿಕೊಂಡರು. ನನಗೆ ಕೆಲಸ ಇದೆ ಚಾಚಾ, ಚೆನ್ನಾಗಿದ್ದೀನಿ ಚಾಚಾ, ಎಂದು ಅವರ ಕೈ ಹಿಡಿದು ಹೇಳಿದೆ. ಹೂಂ ಎಂದರು. ರಂಜಾನ್ ಬರುವ ಮೊದಲೇ ಅವರು ಹೋಗಿಬಿಟ್ಟರು. ಆ ಬ್ಯಾಂಕಿನ ಕೆಲಸದ ದುಃಖ ನನ್ನನ್ನು ಬಿಟ್ಟು ಎಷ್ಟೋ ವರ್ಷಗಳಾಗಿದ್ದವು. ಅವರನ್ನು ಅದು ಕೊನೆಯವರೆಗೂ ಬಿಟ್ಟಿರಲಿಲ್ಲ.