ಫೋರ್ಕಿನ ಬೆನ್ನ ಮೇಲೆ

ನೈರೋಬಿಗೆ ಬಂದು ಇಟಲಿಯ ಪಾಸ್ತಾ ಕಲಿಯಬೇಕೇ ಎಂದು ಗೊಣಗುತ್ತಲೇ, ಇಲ್ಲೇ ನೆಲೆಸಿರುವ ಮಂಗಳೂರಿನ ಗೆಳತಿ ಲವೀನಾಳ ಜೊತೆ ಸ್ಪ್ರಿಂಗ್ ವ್ಯಾಲಿಯ ಅಡುಗೆ ತರಗತಿಗೆ ಬಂದೆ. ಕಲಿಸುವವರು ಕಟ್ಟುನಿಟ್ಟಿನ ಇಟಾಲಿಯನ್ ಅಜ್ಜಿ. ರವೆ ಹಿಟ್ಟಿನ ಚೂರನ್ನು ಫೋರ್ಕಿನ ಬೆನ್ನಿಗೊತ್ತಿ ಉರುಳಿಸಿ ಗೀರು ಮೂಡಿಸಬೇಕು. ನನ್ನವೆಲ್ಲ ಚಪ್ಪಟೆಯಾದವು, ಲವೀನಾಳ ಹೆಬ್ಬೆರಳು ಸರಸರ ಓಡಿತು.

“ಅಯ್ಯೋ ಮಾರಾಯ್ತಿ, ಇದು ನಮ್ಮ ಕ್ರಿಸ್ಮಸ್ ತಿಂಡಿ ಕುಲ್‌ಕುಲೇ ಅಲ್ವಾ! ಆದ್ರೆ ನಾವು ಎಣ್ಣೆಯಲ್ಲಿ ಕರಿದು ಸಕ್ಕರೆ ಪಾಕ ಹಾಕ್ತೇವೆ,” ಎಂದು ನನಗೆ ಹೇಳಿ, ಅಜ್ಜಿಗೂ ಇಂಗ್ಲಿಷಿನಲ್ಲಿ ಹೇಳಿಬಿಟ್ಟಳು.

ಪಾಸ್ತಾ ಕರಿಯುವುದೇ! ಅಜ್ಜಿ ಹುಬ್ಬು ಗಂಟಿಕ್ಕಿದರು. ಆಮೇಲೆ ಕುದಿಯುವ ನೀರನ್ನು ಇಳಿಸಿ ಬಾಣಲೆ ಇಟ್ಟರು.

ಗೀರು ಚೆಂದವಿದ್ದವೆಲ್ಲ ಅಜ್ಜಿಯ ಬಾಯಿಗೇ ಹೋದವು. ನನಗೆ ಉಳಿದದ್ದು ನಾನು ಮಾಡಿದ ಚಪ್ಪಟೆಯವು. ಅವೂ ಗರಿಗರಿಯಾಗಿಯೇ ಇದ್ದವು.