ಫಾಸ್ಟರ್ ಸಿಟಿಯಲ್ಲೊಂದು ವಿಸರ್ಜನೆ

ಕಳೆದ ಶನಿವಾರ ಮಧ್ಯಾಹ್ನ ಫಾಸ್ಟರ್ ಸಿಟಿಯಲ್ಲಿ ಗ್ರೀಕರ ಒಬ್ಬ ದೇವತೆಯನ್ನು ನೀರಿಗೆ ಬಿಟ್ಟರು. ನಾನು ಪಕ್ಕದಲ್ಲೇ ಕಾಫಿ ಕುಡಿಯುತ್ತಾ ನಿಂತಿದ್ದೆ.

ನಗು ಬರುತ್ತದೆ, ಅಲ್ಲವೇ? ನನಗೂ ಆಮೇಲೆ ಬಂತು. ಆದರೆ ಹೆಚ್ಚು ಹೊತ್ತು ಉಳಿಯಲಿಲ್ಲ. ಅದಕ್ಕೇ ಈ ವಾರ ಅವಸರವಿಲ್ಲದೆ, ಕಂಡದ್ದನ್ನು ಕಂಡಷ್ಟೇ ಹೇಳುತ್ತೇನೆ. (ಹೆಸರುಗಳನ್ನು ಬದಲಿಸಿದ್ದೇನೆ. ಮನೆಯವರನ್ನು ಕೇಳಿಯೇ ಬರೆಯುತ್ತಿದ್ದೇನೆ.)

ವಿನಯಾ ನನ್ನ ಗೆಳತಿ. ಅವಳ ಗಂಡ ಪ್ರಶಾಂತ ಔಷಧ ಕಂಪನಿಯೊಂದರಲ್ಲಿ ವಿಜ್ಞಾನಿ. ಅವರ ಮನೆಯ ಹಿಂದೆಯೇ ಲಗೂನು, ಅಂದರೆ ಕೆರೆಯ ಹಾಗೆ ನಿಂತ ಹಿನ್ನೀರು. ಹಿಂಬಾಗಿಲು ತೆಗೆದರೆ ಮರದ ಜಗಲಿಯಂಥ ಡೆಕ್ಕು, ಡೆಕ್ಕಿನಿಂದ ನಾಲ್ಕು ಹೆಜ್ಜೆ ಇಳಿದರೆ ನೀರು. ಪ್ರಶಾಂತನ ತಾಯಿ ಜಲಜಮ್ಮ ಉಡುಪಿ ಕಡೆಯವರು, ಊರಿನಿಂದ ಆರು ತಿಂಗಳಿಗೆಂದು ಇಲ್ಲಿಗೆ ಬಂದಿದ್ದಾರೆ. ಮನೆಯಲ್ಲಿ ತುಳು. ನಾನು ಹೋದರೆ ನನಗೋಸ್ಕರ ಕನ್ನಡ.

ಈ ಮನೆಯ ಹಾಲ್‌ನಲ್ಲಿ ಒಂದು ಅಮೃತಶಿಲೆಯ ತಲೆ ಇದೆ. ದೊಡ್ಡ ತೆಂಗಿನಕಾಯಿಯಷ್ಟು. ಹೆಣ್ಣಿನ ಮುಖ, ನಡುವೆ ಬೈತಲೆ ತೆಗೆದ ಕೂದಲು. ಮೂಗಿನ ತುದಿ ಹೋಗಿದೆ, ಒಂದು ಕಿವಿ ಇಲ್ಲ. ಎರಡು ಸಾವಿರ ವರ್ಷಕ್ಕೂ ಹಳೆಯದು, ಪರ್ಸೆಫೊನಿ ಎಂಬ ದೇವತೆಯದು ಎಂದು ಮಾರಿದವನು ಹೇಳಿದ್ದ. ಪ್ರಶಾಂತ ಅದನ್ನು ಹೋದ ವರ್ಷ ಹರಾಜಿನಲ್ಲಿ ಕೊಂಡು, ಮೇಲೊಂದು ಪುಟ್ಟ ಲೈಟು ಹಾಕಿಸಿ ಸ್ಟ್ಯಾಂಡಿನ ಮೇಲೆ ಕೂರಿಸಿದ್ದ. ಮನೆಗೆ ಯಾರೇ ಬರಲಿ, ಮೊದಲು ತಲೆಯ ದರ್ಶನ, ಆಮೇಲೆ ತಿಂಡಿ.

ಆ ಶನಿವಾರ ಊಟಕ್ಕೆ ಕೂತಾಗ ಜಲಜಮ್ಮ ಮಗನನ್ನು ಕೇಳಿದರು. "ಯಾರಾ ಅದು ಹೆಂಗಸು? ಬಂದ ದಿನದಿಂದ ನನ್ನನ್ನೇ ನೋಡ್ತಾ ಉಂಟು."

ಪ್ರಶಾಂತ ಖುಷಿಯಿಂದ ಕಥೆ ಹೇಳಿದ. ಬೆಳೆಯ ದೇವತೆಗೆ ಒಬ್ಬಳೇ ಮಗಳು. ಹೂ ಕೊಯ್ಯುತ್ತಿದ್ದಾಗ ನೆಲ ಬಾಯಿಬಿಟ್ಟಿತು, ಪಾತಾಳದ ಒಡೆಯ ಬಂದು ಹೊತ್ತುಕೊಂಡು ಹೋದ. ತಾಯಿ ಹುಡುಕಿ ಹುಡುಕಿ, ಕೊನೆಗೆ ಭೂಮಿಯ ಮೇಲೆ ಒಂದು ಕಾಳೂ ಬೆಳೆಯದ ಹಾಗೆ ಮಾಡಿದಳು.

"ಮತ್ತೆ ಸಿಕ್ಕಿದಳಾ?"

"ಸಿಕ್ಕಿದಳು. ಆದರೆ ವರ್ಷದಲ್ಲಿ ಸ್ವಲ್ಪ ಕಾಲ ತಾಯಿಯ ಹತ್ರ, ಸ್ವಲ್ಪ ಕಾಲ ಪಾತಾಳದಲ್ಲಿ."

"ನನ್ನ ಹಾಗೇ ಆಯ್ತಲ್ಲ ಮಾರಾಯ. ಆರು ತಿಂಗಳು ಇಲ್ಲಿ, ಆರು ತಿಂಗಳು ಅಲ್ಲಿ."

ಎಲ್ಲರೂ ನಕ್ಕೆವು. (ಇವೆರಡರಲ್ಲಿ ಪಾತಾಳ ಯಾವುದು ಅಂತ ಅವರು ಹೇಳಲಿಲ್ಲ. ನಾವೂ ಕೇಳಲಿಲ್ಲ.) ನಗು ಮುಗಿದ ಮೇಲೆ ಜಲಜಮ್ಮ ಮೆಲ್ಲಗೆ ಅಂದರು: "ಹಾಗಾದ್ರೆ ದೇವರೇ ಅಲ್ವಾ? ಭಿನ್ನ ಆದದ್ದನ್ನು ಹೀಗೆ ಇಡ್ಲಿಕ್ಕಿಲ್ಲ. ಅದರ ಎದುರು ನಾವು ಮೀನು ಬೇರೆ ತಿನ್ನುದು."

"ಅಮ್ಮಾ, ಅದು ಆರ್ಟು," ಅಂದ ಪ್ರಶಾಂತ. ಮಾತು ಅಲ್ಲಿಗೆ ಮುಗಿಯಿತು ಅಂದುಕೊಂಡೆವು.

ಊಟವಾದ ಮೇಲೆ ನಾನು ಕಾಫಿ ಹಿಡಿದು ಡೆಕ್ಕಿಗೆ ಬಂದೆ. ಜಲಜಮ್ಮ ಬಂದರು. ಎರಡೂ ಕೈಯಲ್ಲಿ ಸ್ಟೀಲಿನ ಹರಿವಾಣ, ಅದರ ಮೇಲೆ ಹಸಿರು ರವಿಕೆ ಕಣ ಮುಚ್ಚಿತ್ತು. ಅಂಚಿನಲ್ಲಿ ಒಂದು ಬಾಳೆಹಣ್ಣು, ಗುಲಾಬಿಯ ಎಸಳು, ಅಕ್ಕಿಕಾಳು ಕಾಣುತ್ತಿತ್ತು. ಬಾತುಕೋಳಿಗೆ ನೈವೇದ್ಯವಿರಬೇಕು ಅಂದುಕೊಂಡೆ.

"ಏನು ಜಲಜಮ್ಮ?"

"ಒಬ್ಬರನ್ನು ಕಳಿಸಿಕೊಡ್ಲಿಕ್ಕೆ ಉಂಟು. ನೀವು ಕಾಫಿ ಕುಡೀರಿ."

ಅವರು ಒಂದೊಂದೇ ಮೆಟ್ಟಿಲು ಇಳಿದರು. ಚಪ್ಪಲಿ ಬಿಟ್ಟರು. ಬಗ್ಗಿ ನೀರು ಮುಟ್ಟಿ ಕಣ್ಣಿಗೆ ಒತ್ತಿಕೊಂಡರು. ಹರಿವಾಣವನ್ನು ಓರೆ ಮಾಡಿದರು. ಬಟ್ಟೆ ಜಾರಿತು. ಕಲ್ಲಿನ ಕೆನ್ನೆ, ಅದರ ಮೇಲೆ ಕುಂಕುಮ. ಅದನ್ನು ನಾನು ಸ್ಪಷ್ಟವಾಗಿ ಕಂಡೆ.

ಗುಳುಂ.

ನಾನು ಕೂಗಿದೆ ಅಂತ ನನ್ನ ನೆನಪು. ಕೂಗಲೇ ಇಲ್ಲ ಅನ್ನುತ್ತಾಳೆ ವಿನಯಾ. ನೀರಿನ ಮೇಲೆ ಗುಳ್ಳೆಗಳು ಬಂದವು. ಬಾಳೆಹಣ್ಣು ತೇಲಿತು. ಜಲಜಮ್ಮ ಕೈಮುಗಿದು, ಚಪ್ಪಲಿ ಮೆಟ್ಟಿಕೊಂಡು, ಖಾಲಿ ಹರಿವಾಣ ಹಿಡಿದು ಮೇಲೆ ಬಂದರು. ಮುಖದಲ್ಲಿ ದೊಡ್ಡದೊಂದು ಕೆಲಸ ಮುಗಿಸಿದ ನೆಮ್ಮದಿ.

ಮುಂದಿನ ಐದು ನಿಮಿಷ ಆ ಮನೆಯಲ್ಲಿ ಎಲ್ಲರೂ ಒಟ್ಟಿಗೆ ಮಾತಾಡಿದರು. ಪ್ರಶಾಂತ ಕನ್ನಡ ಬಿಟ್ಟು ತುಳುವಿಗೆ ಹೋದ. ಅದು ನನಗೆ ಬರುವುದಿಲ್ಲ. ಅರ್ಥವಾಗಲು ಬರಬೇಕಾಗಿಯೂ ಇರಲಿಲ್ಲ.

"ಅತ್ತೆ, ಸ್ಟ್ಯಾಂಡಿನಿಂದ ಹೇಗೆ ತೆಗೆದ್ರಿ ಅದನ್ನ?" ವಿನಯಾ ಕೇಳಿದಳು.

"ತಿರುಗಿಸಿದೆ, ಬಂತು. ಮಿಕ್ಸಿಯ ಜಾರಿನ ಹಾಗೆ."

ಮಗಳು ನಿಧಿಗೆ ಅಳುವೇ ಬಂದಿತ್ತು. ಹೈಸ್ಕೂಲು ಹುಡುಗಿ, ಅವಳಿಗೆ ಸಿಟ್ಟು ಬಂದರೆ ಇಂಗ್ಲಿಷೇ. "ಅಜ್ಜಿ, ಇಟ್ ವಾಸ್ ಟೂ ಥೌಸಂಡ್ ಇಯರ್ಸ್ ಓಲ್ಡ್!"

"ಅದಕ್ಕೇ ಮಗಾ. ಇನ್ನೂ ಎಷ್ಟು ವರ್ಷ ಕೂರಿಸುದು ಅವಳನ್ನು?"

ಪ್ರಶಾಂತ ಪ್ಯಾಂಟು ಶರಟಿನಲ್ಲೇ ನೀರಿಗೆ ಇಳಿದ. ಸೊಂಟದವರೆಗೆ ನೀರು. ಕೆಸರಿನಲ್ಲಿ ಕಾಲಾಡಿಸಿ ಹುಡುಕಿದ. ಆಚೆ ದಡದ ಮನೆಯವರು ಡೆಕ್ಕಿಗೆ ಬಂದು, ಏನಾದರೂ ಸಹಾಯ ಬೇಕೇ ಎಂದು ಕೂಗಿದರು. ಏನಂತ ಹೇಳುವುದು? ನಾನು ಕೈಬೀಸಿದೆ. ಕೊನೆಗೆ ಅವನು ಮುಳುಗಿ ಎದ್ದಾಗ ಎದೆಗೆ ತಲೆಯನ್ನು ಅವಚಿಕೊಂಡಿದ್ದ. ಆಗತಾನೇ ಹುಟ್ಟಿದ ಮಗುವನ್ನು ಹಿಡಿಯುವ ಹಾಗೆ.

ನಾವೆಲ್ಲ ನಕ್ಕದ್ದು ಆಗ. ವಿನಯಾ ನಕ್ಕಳು, ನಿಧಿ ನಕ್ಕಳು, ಕೆಸರು ಮೆತ್ತಿದ ಪ್ರಶಾಂತನೂ ನಕ್ಕ. ಇಲ್ಲಿಗೆ ನಿಲ್ಲಿಸಿದ್ದರೆ ಈ ವಾರದ ಅಂಕಣ ಒಂದು ಒಳ್ಳೆಯ ತಮಾಷೆ ಆಗುತ್ತಿತ್ತು.

ಅವನು ತೋಟದ ಪೈಪಿನಿಂದ ನೀರು ಬಿಟ್ಟ. ನಾನು ಟವೆಲ್ಲಿನಲ್ಲಿ ತಲೆಯನ್ನು ಹಿಡಿದುಕೊಂಡಿದ್ದೆ. ಕುಂಕುಮ ಹೋಯಿತು, ಕೆಸರು ಹೋಯಿತು. ಕತ್ತು ತೊಳೆಯಲೆಂದು ಬೋರಲು ಮಾಡಿದೆ. ಆಗ ಕಂಡಿತು.

ಕತ್ತಿನ ಅಡಿ ನೇರವಾಗಿತ್ತು. ಹಲಗೆಯಷ್ಟು ನೇರ.

ಮುಖದ ಕಲ್ಲಿಗೆ ಹಳೆಯ ಜೇನಿನ ಬಣ್ಣವಿದೆ. ಮೂಗು, ಕಿವಿ ಮುರಿದ ಜಾಗಗಳೂ ಅದೇ ಬಣ್ಣ, ಒರಟು. ಕತ್ತಿನ ಅಡಿ ಮಾತ್ರ ಬೆಳ್ಳಗಿತ್ತು, ಒಡೆದ ಕೊಬ್ಬರಿಯ ಹಾಗೆ. ನಡುವೆ ಸ್ಟ್ಯಾಂಡಿನ ತೂತು, ಅದರ ಸುತ್ತ ಒಂದರ ಪಕ್ಕ ಒಂದು ಸಣ್ಣ ಗೆರೆಗಳು, ಎಲ್ಲವೂ ಒಂದೇ ಕಡೆಗೆ ಬಾಗಿದ್ದವು. ಸ್ವಲ್ಪ ಮೇಲೆ, ಗಂಟಲಿನ ಹತ್ತಿರ, ಇನ್ನೊಂದು ಗೆರೆ, ಬೆರಳಿನಷ್ಟು ಉದ್ದದ್ದು. ಯಾರೋ ಗರಗಸ ಇಟ್ಟು, ಇಲ್ಲಿ ಬೇಡವೆಂದು ನಿಲ್ಲಿಸಿ, ಕೆಳಗೆ ಮತ್ತೆ ಶುರುಮಾಡಿದ ಹಾಗೆ.

ಅದು ಕಲ್ಲು ಅಂತ ಗೊತ್ತಿತ್ತು. ಗೊತ್ತಿದ್ದರೂ ಟವೆಲ್ಲಿನ ಅಂಚನ್ನು ಗಂಟಲಿನ ಮೇಲೆ ಎಳೆದೆ.

ಪ್ರಶಾಂತನೂ ನೋಡಿದ. ಸ್ಟ್ಯಾಂಡಿನ ಸಮೇತ ಬಂದಿತ್ತು, ಒಡೆದೀತೆಂಬ ಹೆದರಿಕೆಗೆ ಅವನು ಒಂದು ದಿನವೂ ಎತ್ತಿ ನೋಡಿರಲಿಲ್ಲ. ಪೈಪಿನ ನೀರು ಅವನ ಕಾಲ ಮೇಲೆ ಹರಿಯುತ್ತಲೇ ಇತ್ತು.

ಜಲಜಮ್ಮ ಬಗ್ಗಿ, ಕತ್ತಿನ ಅಡಿಯಲ್ಲಿ ಬೆರಳಾಡಿಸಿದರು.

"ಮುಂಡ ಎಲ್ಲಿ ಉಂಟು?"

ಪ್ರಶಾಂತ ಪೈಪಿನ ನಲ್ಲಿ ನಿಲ್ಲಿಸಿದ.

"ಇದರ ಮುಂಡ ಎಲ್ಲಿ ಉಂಟು ಪ್ರಶಾಂತ?"

"ಗೊತ್ತಿಲ್ಲಮ್ಮ. ಹಳೇ ಕಾಲದವರೇ ಕೊಯ್ದಿರಬಹುದು. ಯುರೋಪಿನ ಹಳೇ ಸಂಗ್ರಹದ್ದು ಅಂತ ಮಾರಿದವರು ಹೇಳಿದ್ದಾರೆ."

ಇರಬಹುದು. ನಾನು ತಜ್ಞೆಯಲ್ಲ. ಗರಗಸಕ್ಕೆ ಎಷ್ಟು ವಯಸ್ಸು ಅಂತ ಕಲ್ಲು ನೋಡಿ ಹೇಳಲಾರೆ. ಆದರೆ ತಾನಾಗಿ ಮುರಿದದ್ದಕ್ಕೂ ಕೊಯ್ದದ್ದಕ್ಕೂ ವ್ಯತ್ಯಾಸ ತಿಳಿಯಲು ತಜ್ಞರೇ ಬೇಕೇ?

"ನಮ್ಮ ದೈವದ ಮೊಗ ಹೋದದ್ದು ನೆನಪುಂಟಾ ನಿಂಗೆ?" ಜಲಜಮ್ಮ ಕೇಳಿದರು. (ಮೊಗ ಅಂದರೆ ದೈವದ ಲೋಹದ ಮುಖ, ವರ್ಷಕ್ಕೊಮ್ಮೆ ನೇಮದ ಉತ್ಸವಕ್ಕೆ ಹೊರತರುವುದು. ದೈವದ ಗುಡಿಯ ಬೀಗ ಮುರಿದು ಕದ್ದಿದ್ದರಂತೆ.) "ಆ ವರ್ಷದ ನೇಮಕ್ಕೆ ಬರೀ ಮಣೆ ಇಟ್ಟು ಕೈಮುಗಿದದ್ದು. ನೀನು ಸಣ್ಣವ. ಊಟ ಬಿಟ್ಟು ಕೂತಿದ್ದೆ. ಅದೂ ಈಗ ಯಾರ ಹಾಲ್‌ನಲ್ಲಿ ಲೈಟಿನ ಅಡಿಯಲ್ಲಿ ಕೂತಿದೆಯೋ."

ನಾವು ಇಲ್ಲಿ ಮಾಡುವುದೇನು ಹೇಳಿ. ಹೊಯ್ಸಳರ ಮದನಿಕೆಯೊಂದು ಯಾವುದೋ ದೇಶದಲ್ಲಿ ಮಾರಾಟಕ್ಕಿದೆ ಅಂತ ಸುದ್ದಿ ಬಂದರೆ ವಾಟ್ಸ್ಯಾಪ್ ಗ್ರೂಪಿನಲ್ಲಿ ಬೆಂಕಿ. ಕಳ್ಳರು, ಲೂಟಿಕೋರರು, ನಮ್ಮ ದೇವರನ್ನು ನಮಗೆ ಕೊಡಿ! ಪ್ರಶಾಂತನೇ ಅಂಥ ಸುದ್ದಿಗಳನ್ನು ಎಷ್ಟೋ ಸಲ ಹಾಕಿದ್ದಾನೆ. ನಾನೂ ಹೆಬ್ಬೆಟ್ಟು ಒತ್ತಿದ್ದೇನೆ. ಬೇರೆಯವರ ದೇವರಾದರೆ? ಆಗ ಅದು ಆರ್ಟು. ಸೋಫಾದ ಬಣ್ಣಕ್ಕೆ ಹೊಂದುತ್ತದೋ ಇಲ್ಲವೋ, ಅಷ್ಟೇ ಪ್ರಶ್ನೆ.

ಜಲಜಮ್ಮ ಮಾಡಿದ್ದು ಸರಿ ಅಂತ ನಾನು ಹೇಳುತ್ತಿಲ್ಲ. ಕೇಳದೆ ಎತ್ತಿದರು. ಆ ಕೆಸರಿನಲ್ಲಿ ತಲೆ ಹೂತುಹೋಗಿದ್ದರೆ ಎಲ್ಲವೂ ಮುಗಿಯುತ್ತಿತ್ತು. ಅದನ್ನು ಅವರೇ ಒಪ್ಪಿದರು.

"ನನ್ನದೂ ತಪ್ಪಾಯ್ತು. ಒಡೆದದ್ದು ಅಂತ ಗ್ರಹಿಸಿದೆ. ಒಡೆದದ್ದನ್ನು ನೀರಿಗೆ ಬಿಡ್ಲಿಕ್ಕೆ ಆಗ್ತದೆ. ಇದು ಕಡಿದದ್ದು. ಕಡಿದದ್ದಕ್ಕೆ ಎಲ್ಲಿಯೋ ಒಂದು ಮನೆ ಉಂಟು."

"ಅಮ್ಮಾ, ನಾನು ಕದ್ದಿಲ್ಲ," ಅಂದ ಪ್ರಶಾಂತ. "ವಾಪಸ್ಸು ಕೊಡೋದಕ್ಕೆ ಹೋದ್ರೆ ನನ್ನನ್ನೇ ಕಳ್ಳ ಅಂತಾರೆ. ಕೆಲಸ, ಹೆಸರು, ಎಲ್ಲ ಏನಾಗ್ಬೇಕು?"

"ಕದ್ದವ ನೀನಲ್ಲ ಮಗಾ. ಇಟ್ಟುಕೊಂಡವ ನೀನು. ಇವತ್ತಿನವರೆಗೆ ಗೊತ್ತಿರಲಿಲ್ಲ. ನಾಳೆಯಿಂದ?"

ಅವನು ತಲೆಯನ್ನು ಟವೆಲ್ಲಿನಲ್ಲಿ ಸುತ್ತಿ ಒಳಗೆ ಒಯ್ದ. ಸ್ಟ್ಯಾಂಡಿಗೆ ಏರಿಸಲಿಲ್ಲ, ಬಟ್ಟೆಯ ಕಪಾಟಿನಲ್ಲಿಟ್ಟು ಬಾಗಿಲು ಹಾಕಿದ. ನಾನು ಹೊರಡುವಾಗ ಅಂದ: "ಮೇಡಂ, ದಯವಿಟ್ಟು ಸದ್ಯಕ್ಕೆ ಯಾರಿಗೂ ಹೇಳ್ಬೇಡಿ." ಆಯಿತು ಅಂದೆ. ಸನ್ನಿವೇಲ್‌ನ ನಮ್ಮ ಮನೆಗೆ ವಾಪಸ್ಸು ಬರುವಾಗ ಫ್ರೀವೇಯಲ್ಲಿ, ಅದೇ ಯೋಚನೆಯಲ್ಲಿ, ನಾನು ಇಳಿಯಬೇಕಾದ ಎಕ್ಸಿಟ್ಟು ದಾಟಿ ಮುಂದೆ ಹೋಗಿದ್ದೆ.

ಭಾನುವಾರ ಪೂರ್ತಿ ತಾಯಿ ಮಗ ಮಾತಾಡಲಿಲ್ಲವಂತೆ. ಜಲಜಮ್ಮ ಜಗಳ ಮಾಡಲಿಲ್ಲ. ಮಗನ ತಟ್ಟೆಗೆ ಬಡಿಸಿದರು, ತಾವು ಮಾತ್ರ ಊಟ ಮಾಡಲಿಲ್ಲ. ಎರಡು ಸಲ ಕಪಾಟಿನ ಮುಂದೆ ಹೋಗಿ ನಿಂತು ಬಂದರಂತೆ. ಇದು ವಿನಯಾ ಫೋನಿನಲ್ಲಿ ಹೇಳಿದ್ದು.

ಸೋಮವಾರ ಬೆಳಿಗ್ಗೆ ಪ್ರಶಾಂತ ಇಂಥ ವಿಷಯ ನೋಡಿಕೊಳ್ಳುವ ವಕೀಲರೊಬ್ಬರಿಗೆ ಫೋನು ಮಾಡಿದ. ಸ್ಪೀಕರಿನಲ್ಲಿ ಹಾಕಿದ್ದ. ಅಡುಗೆಮನೆಯಲ್ಲಿದ್ದವರಿಗೂ ಕೇಳುತ್ತಿತ್ತು. ವಕೀಲರು ಎಲ್ಲವನ್ನೂ ತಾಳ್ಮೆಯಿಂದ ಕೇಳಿಸಿಕೊಂಡರು. ಆಮೇಲೆ ಸ್ವರ ತಗ್ಗಿಸಿ ಕೇಳಿದರು: "ಆ ಕೊಯ್ದ ಗುರುತನ್ನು ನಿಮ್ಮನ್ನು ಬಿಟ್ಟು ಬೇರೆ ಯಾರಾದರೂ ನೋಡಿದ್ದಾರಾ?"

ಪ್ರಶಾಂತ ಅಡುಗೆಮನೆಯ ಕಡೆ ನೋಡಿ ಹೇಳಿದನಂತೆ: "ನೋಡಿದ್ದಾರೆ. ನನ್ನ ಅಮ್ಮ."